ಬಿಳಿಯ ಬೆಟ್ಟದ ಋಣ

ಫ್ರಾನ್ಸ್ ದೇಶದ ಪೂರ್ವದಂಚಿನಲ್ಲಿ, ಸ್ವಿಟ್ಜರ್ಲೆಂಡ್ ಮತ್ತು ಇಟಲಿಗಳ ಗಡಿಗಳು ಬಂದು ಕೂಡುವ ಎಡೆಗೆ ಅನತಿದೂರದಲ್ಲಿ, ಆರ್ವ್ ಎಂಬ ನದಿಯ ಇಕ್ಕೆಲಗಳಲ್ಲಿ ಹಬ್ಬಿಕೊಂಡಿರುವ ಊರು ಶಾಮೊನಿ. ಸಮುದ್ರಮಟ್ಟದಿಂದ 1,035 ಮೀಟರ್ ಎತ್ತರದಲ್ಲಿರುವ ಈ ಊರಿನ ಬೀದಿಯಲ್ಲಿ ನಿಂತು ತಲೆಯೆತ್ತಿದರೆ ಆಲ್ಪ್ಸ್ ಪರ್ವತಗಳಿಗೆಲ್ಲ ಹಿರಿಯನಾದ ಮಾಂಟ್ ಬ್ಲಾಂಕ್ ಕಾಣುತ್ತದೆ. ಫ್ರೆಂಚರ ಬಾಯಲ್ಲಿ ಅದು ‘ಮೋಂ ಬ್ಲಾಂ’. ಬಿಳಿಯ ಬೆಟ್ಟ ಎಂದು ಅರ್ಥ. ಈ ಬೆಟ್ಟದ ನೆತ್ತಿ ಕಲ್ಲಿನದಲ್ಲ, ಗಟ್ಟಿಗೊಂಡ ಹಿಮದ್ದು. ಆದುದರಿಂದ ಆಯಾ ವರ್ಷ ಬಿದ್ದ ಹಿಮಕ್ಕೂ ಬೀಸಿದ ಗಾಳಿಗೂ ತಕ್ಕಂತೆ ಬೆಟ್ಟದ ಎತ್ತರವೇ 4,805 ರಿಂದ 4,810 ಮೀಟರುಗಳ ನಡುವೆ ಏರಿಳಿಯುತ್ತಿರುತ್ತದೆ.

ಈ ನೆತ್ತಿಯ ಮೇಲೆ ಮನುಷ್ಯನ ಪಾದ ಮೊದಲು ಬಿದ್ದುದು 1786ರ ಆಗಸ್ಟ್ 8ರಂದು. ಜಿನೀವಾದ ವಿಜ್ಞಾನಿ ಸೊಸ್ಸೂರ್, ಅಲ್ಲಿಗೆ ದಾರಿ ಕಂಡುಹಿಡಿದವರಿಗೆ ಬಹುಮಾನ ಕೊಡುವೆನೆಂದು ಸಾರಿ ಆಗ ಇಪ್ಪತ್ತಾರು ವರ್ಷಗಳು ಕಳೆದಿದ್ದುವು. ಶಾಮೊನಿಯ ವೈದ್ಯ ಮಿಶೆಲ್ ಪಕ್ಕಾರ್ ಮತ್ತು ಹರಳು ಹುಡುಕುವ ಕಸುಬಿನ ಜಾಕ್ ಬಾಲ್ಮಾ ಇಬ್ಬರೂ ಹಿಂದಿನ ದಿನವೇ ಹೊರಟು, ರಾತ್ರಿಯನ್ನು ಬೆಟ್ಟದ ಮೇಲೆಯೇ ಕಳೆದು, ಮರುದಿನ ಸಂಜೆಗೆ ತುದಿ ಮುಟ್ಟಿದರು. ಇಂದು ಅದೇ ಊರಿನಿಂದ, ಶಿಖರಕ್ಕೆ ಅಲ್ಲವಾದರೂ ಅದರ ಎದುರಿಗೇ ನಿಂತ 3,842 ಮೀಟರ್, ಎಂದರೆ ಸುಮಾರು 12,600 ಅಡಿ ಎತ್ತರದ ಕೋಡುಗಲ್ಲೊಂದಕ್ಕೆ, ಮಕ್ಕಳೂ ಮುದುಕರೂ ಸುಮಾರು ಇಪ್ಪತ್ತು ನಿಮಿಷಗಳಲ್ಲಿ ಹೋಗಿ ತಲಪುತ್ತಾರೆ. ಆ ಕೋಡುಗಲ್ಲಿನ ಹೆಸರು ಎಗ್ವೀ ದ್ಯು ಮಿದಿ, ‘ಮಧ್ಯಾಹ್ನದ ಸೂಜಿ’. ಊರಿನಿಂದ ನೋಡುವವರಿಗೆ ನಡುಹಗಲಿನ ಸೂರ್ಯ ಅದರ ಮೊನೆಯ ನೇರಕ್ಕೆ ಬರುವುದರಿಂದ ಈ ಹೆಸರು. ಅಲ್ಲಿಗೆ ಒಯ್ಯುವುದು ಕೇಬಲ್ ಕಾರು.

ಜಿನೀವಾ ನಗರದಿಂದ ಶಾಮೊನಿಗೆ ಸುಮಾರು 80 ಕಿಲೋಮೀಟರು. ಭಾರತದಿಂದ ಬರುವ ಪ್ರವಾಸಿಗಳ ತಂಡಗಳು ಸಾಮಾನ್ಯವಾಗಿ ಅಲ್ಲಿಂದ ಬೆಳಿಗ್ಗೆಯೇ ಬಸ್ಸಿನಲ್ಲಿ ಹೊರಟು ಬರುತ್ತವೆ. ಮಧ್ಯಾಹ್ನದ ಹೊತ್ತಿಗೆ ಕಣಿವೆಯಿಂದ ಮೋಡಗಳೆದ್ದು ಶಿಖರಗಳನ್ನು ಮುಸುಕುವುದು ವಾಡಿಕೆಯಾದುದರಿಂದ, ಬೇಗ ಬಂದವನಿಗೆ ಬೆಟ್ಟ ಕಾಣುತ್ತದೆ, ತಡವಾಗಿ ಬಂದವನಿಗೆ ಮೋಡ ಕಾಣುತ್ತದೆ. ನಿಲ್ದಾಣದ ಬಾಗಿಲಲ್ಲಿ ಮಾರ್ಗದರ್ಶಿ ತನ್ನ ತಂಡವನ್ನು ನಿಲ್ಲಿಸಿಕೊಂಡು ನಾಲ್ಕು ಮಾತು ಹೇಳುತ್ತಾನೆ. ಕೆಳಗೆ ಎಷ್ಟೇ ಸೆಕೆಯಿರಲಿ, ಉಣ್ಣೆಯ ಬಟ್ಟೆ ಕೈಯಲ್ಲಿರಬೇಕು. ಕಪ್ಪು ಕನ್ನಡಕವಿಲ್ಲದೆ ಹಿಮವನ್ನು ನೋಡಬಾರದು. ಮೇಲೆ ಇಳಿದೊಡನೆ ಓಡಬಾರದು, ಮೆಟ್ಟಿಲುಗಳನ್ನು ಒಂದೊಂದಾಗಿ ಹತ್ತಬೇಕು. ಎಳೆಗೂಸುಗಳನ್ನೂ ಹೃದ್ರೋಗಿಗಳನ್ನೂ ಒಯ್ಯುವುದು ತರವಲ್ಲ. ಈ ಎಚ್ಚರಿಕೆಗಳನ್ನು ಕೆಳಗೆ ಕೇಳುವಾಗ ನಗುವವರು ಮೇಲೆ ಹೋದ ಮೇಲೆ ನೆನೆಯುತ್ತಾರೆ.

ಕೇಬಲ್ ಕಾರಿನ ತತ್ತ್ವವನ್ನು ನಮ್ಮ ಹಳ್ಳಿಯ ಬಾವಿಯ ರಾಟೆಯನ್ನು ಕಂಡವರು ಸುಲಭವಾಗಿ ತಿಳಿಯಬಹುದು. ಹಗ್ಗದ ಎರಡು ತುದಿಗಳಿಗೆ ಎರಡು ಕೊಡಗಳನ್ನು ಕಟ್ಟಿದರೆ ಒಂದು ಇಳಿಯುವಾಗ ಇನ್ನೊಂದು ಏರುವಂತೆ, ಇಲ್ಲಿಯೂ ಎರಡು ದೊಡ್ಡ ಬಂಡಿಗಳು. ಮೇಲಿನದು ಇಳಿಯುತ್ತಿರುವಾಗ ಕೆಳಗಿನದು ಏರುತ್ತದೆ. ಇಳಿಯುವ ಬಂಡಿಯ ಭಾರವೇ ಏರುವ ಬಂಡಿಗೆ ನೆರವಾಗುವುದರಿಂದ, ಎರಡರ ಭಾರಗಳ ವ್ಯತ್ಯಾಸವನ್ನೂ ಉಜ್ಜಾಟವನ್ನೂ ಗೆಲ್ಲುವಷ್ಟು ಬಲವನ್ನು ಮಾತ್ರ ಯಂತ್ರ ಒದಗಿಸಿದರೆ ಸಾಕು. ಬಂಡಿಯನ್ನು ಹೊರುವ ದಪ್ಪ ಉಕ್ಕಿನ ಹಗ್ಗ ಅಲುಗದೆ ಬಿಗಿದಿರುತ್ತದೆ. ಬಂಡಿಯ ನೆತ್ತಿಯಲ್ಲಿರುವ ಗಾಲಿಗಳು ಅದರ ಮೇಲೆ ಉರುಳುತ್ತವೆ. ಎಳೆಯುವ ಹಗ್ಗ ಬೇರೆ.

ದಾರಿ ಎರಡು ಭಾಗಗಳಲ್ಲಿದೆ. ಮೊದಲನೆಯದು ದೇವದಾರು ಜಾತಿಯ ಮರಗಳ ಕಾಡಿನ ಮೇಲೆ, ಕಂಬದಿಂದ ಕಂಬಕ್ಕೆ, 2,317 ಮೀಟರ್ ಎತ್ತರದಲ್ಲಿರುವ ನಡುನಿಲ್ದಾಣಕ್ಕೆ ಒಯ್ಯುತ್ತದೆ. ಕಂಬವೊಂದನ್ನು ದಾಟಿದಾಗಲೆಲ್ಲ ಬಂಡಿ ಉಯ್ಯಾಲೆಯಂತೆ ಒಮ್ಮೆ ತೂಗಿ, ಒಳಗಿರುವವರ ಹೊಟ್ಟೆಯಲ್ಲಿ ಚಿಟ್ಟೆ ಹಾರಿದಂತಾಗಿ, ಒಂದು ಕೂಗೂ ಒಂದು ನಗುವೂ ಏಳುತ್ತವೆ. ನಡುನಿಲ್ದಾಣದಲ್ಲಿ ಮರಗಳು ಮುಗಿದು ಹುಲ್ಲೂ ಕಲ್ಲೂ ಮಾತ್ರ ಉಳಿಯುತ್ತವೆ. ಅಲ್ಲಿ ಬಂಡಿ ಬದಲಿಸಿ ಎರಡನೆಯ ಭಾಗಕ್ಕೆ ಹೊರಟವರು ನಗುವುದಿಲ್ಲ. ಏಕೆಂದರೆ ಅಲ್ಲಿಂದ ಮುಂದೆ 3,777 ಮೀಟರ್ ಎತ್ತರದ ಮೇಲಿನ ನಿಲ್ದಾಣದವರೆಗೆ ಹಗ್ಗಕ್ಕೆ ಆಸರೆಯಾಗಿ ಒಂದು ಕಂಬವೂ ಇಲ್ಲ. ಒಂದೇ ಹಗ್ಗ, ಒಂದೇ ಎಳೆತ, ಕೆಳಗೆ ಹಿಮನದಿಯೊಂದರ ಬಿರುಕುಗಳು, ಮುಂದೆ ನೆಟ್ಟಗೆ ನಿಂತ ಬಂಡೆಯ ಗೋಡೆ. ಕೊನೆಯ ಘಟ್ಟದಲ್ಲಿ ಬಂಡಿ ಗೋಡೆಯನ್ನು ಸವರಿಕೊಂಡೇ ಏರುವಂತೆ ತೋರುತ್ತದೆ. ಕಿವಿಗಳು ಮುಚ್ಚಿಕೊಳ್ಳುತ್ತವೆ, ಎಂಜಲು ನುಂಗಿದರೆ ಟಪ್ಪೆಂದು ಬಿಡುತ್ತವೆ.

ಇದನ್ನು ಯೋಜಿಸಿದವನು ಇಟಲಿಯ ಇಂಜಿನಿಯರ್ ದೀನೊ ಲೋರಾ ತೊತೀನೊ. 1955ರಲ್ಲಿ ಇದು ತೆರೆದಾಗ ಜಗತ್ತಿನಲ್ಲಿಯೇ ಅತ್ಯಂತ ಎತ್ತರದ ಕೇಬಲ್ ಕಾರು ಎನಿಸಿತ್ತು. ಬಂಡೆಯ ಮೊನೆಯವರೆಗೆ ಮೊಟ್ಟಮೊದಲ ಹಗ್ಗವನ್ನು ಎಳೆದದ್ದು ಯಂತ್ರವಲ್ಲ. ಬೆಟ್ಟದ ಮಾರ್ಗದರ್ಶಿಗಳು ಸಾಲಾಗಿ ನಿಂತು, ಉದ್ದನೆಯ ಉಕ್ಕಿನ ಹುರಿಯನ್ನು ಹೆಗಲಿಂದ ಹೆಗಲಿಗೆ ಹೊತ್ತು, ಆ ಕಡಿದಾದ ಮುಖದಲ್ಲಿ ಹಾಯಿಸಿದರು. ಇಂದು ಕಿಟಕಿಯ ಬಳಿ ನಿಂತು ಛಾಯಾಚಿತ್ರ ತೆಗೆಯುವವರ ಸುಖದ ಹಿಂದೆ ಆ ಹೆಗಲುಗಳ ಗಾಯವಿದೆ.

ಮೇಲಿನ ನಿಲ್ದಾಣದಲ್ಲಿ ಬಾಗಿಲು ತೆರೆದೊಡನೆ ಮುಖಕ್ಕೆ ಬಡಿಯುವುದು ಚಳಿ. ಕೆಳಗೆ ಅಂಗಿಯ ತೋಳು ಮಡಿಸಿಕೊಂಡಿದ್ದವನು ಇಲ್ಲಿ ಕೋಟಿನ ಗುಂಡಿ ಹುಡುಕುತ್ತಾನೆ. ಈ ಎತ್ತರದಲ್ಲಿ ಗಾಳಿಯ ಒತ್ತಡ ಸಮುದ್ರಮಟ್ಟದಲ್ಲಿರುವುದರ ಮೂರನೆಯ ಎರಡು ಪಾಲಿಗಿಂತಲೂ ಕಡಮೆ. ಹತ್ತು ಮೆಟ್ಟಿಲು ಹತ್ತಿದವನು ನಿಂತು ಏದುಸಿರು ಬಿಡುತ್ತಾನೆ. ಮಾರ್ಗದರ್ಶಿಯ ಮಾತು ಆಗ ನೆನಪಾಗುತ್ತದೆ. ಕೋಡುಗಲ್ಲಿನ ಎರಡು ಮೊನೆಗಳನ್ನು ಸೇತುವೆಯೊಂದು ಜೋಡಿಸಿದೆ. ಬಂಡೆಯ ಒಳಗೇ ಕೊರೆದ ಸುರಂಗಗಳಲ್ಲಿ ನಡೆದು, ಬಂಡೆಯೊಳಗೇ ಏರುವ ಲಿಫ್ಟಿನಲ್ಲಿ ನಿಂತು, ತುದಿಯ ಜಗಲಿಗೆ ಬರಬಹುದು. 2013ರ ಡಿಸೆಂಬರಿನಲ್ಲಿ ಅಲ್ಲಿ ಗಾಜಿನ ಕೋಣೆಯೊಂದನ್ನು ಹೊರಚಾಚಿ ಕಟ್ಟಿದರು. ಮೆತ್ತನೆಯ ಪಾದರಕ್ಷೆ ತೊಟ್ಟು ಅದರೊಳಗೆ ಕಾಲಿಟ್ಟವನ ಅಂಗಾಲಿನ ಕೆಳಗೆ ಗಾಜು, ಗಾಜಿನ ಕೆಳಗೆ ಸುಮಾರು 1,000 ಮೀಟರ್ ಬರಿಯ ಬಯಲು. ಕೆಲವರು ಧೈರ್ಯವಾಗಿ ಕೈ ಬೀಸುತ್ತಾರೆ. ಕೆಲವರು ಬಾಗಿಲ ಬಳಿಯೇ ದೇವರನ್ನು ನೆನೆದು ಹಿಂದಿರುಗುತ್ತಾರೆ.

ಜಗಲಿಯಿಂದ ದಕ್ಷಿಣಕ್ಕೆ ತಿರುಗಿದರೆ ಕಣ್ಣು ತುಂಬುವಷ್ಟು ಬಿಳುಪು. ಅದು ವಾಲೆ ಬ್ಲಾಂಶ್, ‘ಬಿಳಿಯ ಕಣಿವೆ’. ಸೊಂಟಕ್ಕೆ ಹಗ್ಗ ಬಿಗಿದುಕೊಂಡು ಮಾರ್ಗದರ್ಶಿಯ ಹಿಂದೆ ಹಿಮದ ಏಣಿನ ಮೇಲೆ ಇಳಿಯುತ್ತಿರುವ ಪರ್ವತಾರೋಹಿಗಳು ಇರುವೆಸಾಲಿನಂತೆ ಕಾಣುತ್ತಾರೆ. ಅವರ ದಾರಿಯ ಆಚೆ, ಬಂಡೆಯ ಮೇಲೆ, ಒಂದು ತಂಗುಮನೆಯಿದೆ. 3,613 ಮೀಟರ್ ಎತ್ತರದ ಆ ಮನೆಗೆ ‘ಕೊಸ್ಮಿಕ್’ ಎಂದು ಹೆಸರು. 1940ರ ದಶಕದಲ್ಲಿ ಅಲ್ಲಿ ಆಕಾಶದಿಂದ ಸುರಿಯುವ ವಿಶ್ವಕಿರಣಗಳನ್ನು ಅಳೆಯುವ ಪ್ರಯೋಗಶಾಲೆಯೊಂದಿತ್ತು. ಪ್ರಯೋಗಶಾಲೆ ಹೋಗಿ ಹೆಸರು ಉಳಿದಿದೆ. ಅದೇ ದಶಕದಲ್ಲಿ ಬೆಂಗಳೂರಿನ ಭಾರತೀಯ ವಿಜ್ಞಾನ ಮಂದಿರದಲ್ಲಿ ಅದೇ ವಿಶ್ವಕಿರಣಗಳ ಬೆನ್ನು ಹತ್ತಿದ್ದ ತರುಣ ವಿಜ್ಞಾನಿಯೊಬ್ಬರಿದ್ದರು: ಹೋಮಿ ಭಾಭಾ. 1939ರಲ್ಲಿ ಸರ್ ಸಿ. ವಿ. ರಾಮನ್‌ರ ವಿಭಾಗಕ್ಕೆ ಸೇರಿ, 1945ರವರೆಗೆ ಅಲ್ಲಿದ್ದು, ಉಪಕರಣಗಳನ್ನು ವಿಮಾನದಲ್ಲಿ ಬೆಂಗಳೂರಿನ ಆಕಾಶಕ್ಕೆ ಎತ್ತಿಸಿ ಅಳತೆ ಮಾಡಿಸಿದವರು ಅವರು. ಈ ಬೆಟ್ಟದ ಕಥೆಯಲ್ಲಿ ಅವರ ಹೆಸರು ಮತ್ತೊಮ್ಮೆ ಬರುವುದಿದೆ. ಅದಕ್ಕೆ ಮೊದಲು ಹಿಮನದಿಯೆಂದರೇನೆಂಬುದನ್ನು ತಿಳಿಯಬೇಕು.

ಎತ್ತರದ ಕಣಿವೆಗಳಲ್ಲಿ ಬೀಳುವ ಹಿಮ ಬೇಸಗೆಯಲ್ಲಿ ಪೂರ್ತಿ ಕರಗುವುದಿಲ್ಲ. ಒಂದು ವರ್ಷದ ಹಿಮದ ಮೇಲೆ ಮರುವರ್ಷದ್ದು, ಅದರ ಮೇಲೆ ಅದರ ಮರುವರ್ಷದ್ದು, ಹೀಗೆ ಪದರ ಪದರವಾಗಿ ಬಿದ್ದು, ಮೇಲಿನ ಭಾರಕ್ಕೆ ಕೆಳಗಿನದು ಅದುಮಿ, ನಡುವಣ ಗಾಳಿ ಹೊರಹೊರಟು, ಅರಳೆಯಂತಿದ್ದುದು ಕಲ್ಲಿನಂತೆ ಗಟ್ಟಿಯಾಗುತ್ತದೆ. ಅದಕ್ಕೇ ನಮ್ಮ ಹಿರಿಯರು ಅದನ್ನು ನೀರ್ಗಲ್ಲು ಎಂದರು. ಆದರೆ ಈ ಕಲ್ಲು ನಿಂತಲ್ಲಿ ನಿಲ್ಲುವುದಿಲ್ಲ. ತನ್ನ ಭಾರಕ್ಕೆ ತಾನೇ ಬಾಗಿ ಇಳಿಜಾರಿನಲ್ಲಿ ಮೆಲ್ಲಮೆಲ್ಲನೆ ಹರಿಯುತ್ತದೆ, ತಿರುವುಗಳಲ್ಲಿ ಬಿರಿಯುತ್ತದೆ, ಕಡಿದಾದ ಕಡೆ ಒಡೆದು ಗೋಪುರಗಳಂತೆ ಎದ್ದುನಿಲ್ಲುತ್ತದೆ. ಬಿರುಕಿನೊಳಗೆ ಇಣುಕಿದರೆ ಬಿಳುಪು ಮಾಯವಾಗಿ ತಿಳಿನೀಲಿ ಕಾಣುತ್ತದೆ. ಈ ನೀಲಿಯ ಕಾರಣವನ್ನು ಕುರಿತು ರಾಮನ್‌ರು 1923ರಲ್ಲಿಯೇ ಲೇಖನವೊಂದನ್ನು ಪ್ರಕಟಿಸಿದ್ದರು.

ಬಿಳಿಯ ಕಣಿವೆಯಿಂದ ಇಳಿಯುವ ಹಿಮವೇ ಮುಂದೆ ‘ಮೇರ್ ದ ಗ್ಲಾಸ್’, ಎಂದರೆ ನೀರ್ಗಲ್ಲಿನ ಸಮುದ್ರ, ಎಂಬ ಹೆಸರಾಂತ ಹಿಮನದಿಯಾಗುತ್ತದೆ. 1741ರಲ್ಲಿ ಅದನ್ನು ನೋಡಲು ಬಂದ ಇಂಗ್ಲಿಷ್ ಪ್ರವಾಸಿ ವಿಂಡಮ್ ಬರೆದ ವರ್ಣನೆಯಿಂದ ಈ ಹೆಸರು ಹುಟ್ಟಿತು. ಅದರ ವೇಗ ಗಂಟೆಗೆ ಸುಮಾರು ಒಂದು ಸೆಂಟಿಮೀಟರು. ಕಣ್ಣಿಗೆ ಕಾಣದ ಈ ಚಲನೆ ಇಂಜಿನಿಯರಿಗೆ ದೊಡ್ಡ ತೊಡಕು. ಎಗ್ವೀ ದ್ಯು ಮಿದಿಯಿಂದ ಇಟಲಿಯ ಗಡಿಯಲ್ಲಿರುವ ಹೆಲ್‌ಬ್ರೋನರ್ ಶಿಖರದವರೆಗೆ, ಹಿಮದ ಹರವಿನ ಮೇಲೆಯೇ, ಸುಮಾರು 5 ಕಿಲೋಮೀಟರ್ ಉದ್ದದ ಇನ್ನೊಂದು ಹಗ್ಗದ ದಾರಿಯನ್ನು 1950ರ ದಶಕದ ಕೊನೆಯಲ್ಲಿ ಕಟ್ಟಿದಾಗ ಈ ತೊಡಕು ಎದುರಾಯಿತು. ಹರಿಯುವ ಹಿಮದಲ್ಲಿ ಕಂಬ ನೆಟ್ಟರೆ ಕಂಬವೂ ಹರಿದುಹೋಗುತ್ತದೆ. ಆದುದರಿಂದ ಎರಡು ಬಂಡೆಗಳ ನಡುವೆ ಅಡ್ಡಹಗ್ಗಗಳನ್ನು ಬಿಗಿದು, ಕಂಬವನ್ನೇ ಆಕಾಶದಲ್ಲಿ ತೂಗುಹಾಕಿದರು. ನೆಲಕ್ಕೆ ತಾಗದ ಆ ಕಂಬದ ಮೂಲಕ, ನಾಲ್ವರು ಕೂರುವ ಪುಟ್ಟ ತೊಟ್ಟಿಲುಗಳು ಮೂರು ಮೂರಾಗಿ ಸಾಗುತ್ತವೆ. ತುದಿಯಲ್ಲಿ ಜನ ಹತ್ತಿ ಇಳಿಯುವಾಗ ದಾರಿಯಲ್ಲಿರುವ ತೊಟ್ಟಿಲುಗಳೆಲ್ಲ ನಿಲ್ಲುತ್ತವೆ. ಆ ಕೆಲವು ನಿಮಿಷಗಳ ಮೌನದಲ್ಲಿ ಎಲ್ಲಿಯೋ ನೀರ್ಗಲ್ಲು ಬಿರಿದ ಸದ್ದು ಕೇಳಿದರೆ ಹಿಮನದಿ ನಡೆಯುತ್ತಿದೆ ಎಂದು ತಿಳಿಯಬೇಕು.

ಈ ದಾರಿ ಅಪಾಯವನ್ನು ಕಾಣದೆ ಇಲ್ಲ. 1961ರ ಆಗಸ್ಟ್ 29ರಂದು ಫ್ರೆಂಚ್ ವಾಯುಪಡೆಯ ಜೆಟ್ ವಿಮಾನವೊಂದು ತಗಲಿ ಎಳೆಯುವ ಹಗ್ಗ ಕಡಿದುಹೋಯಿತು. ಮೂರು ತೊಟ್ಟಿಲುಗಳು ಹಿಮದ ಮೇಲೆ ಬಿದ್ದು ಆರು ಜನ ಸತ್ತರು. ಉಳಿದ ತೊಟ್ಟಿಲುಗಳಲ್ಲಿ ಹತ್ತಾರು ಮಂದಿ ತೂಗಾಡುತ್ತ ಸಿಕ್ಕಿಬಿದ್ದರು. 2016ರ ಸೆಪ್ಟೆಂಬರಿನಲ್ಲಿ ಹಗ್ಗಗಳು ಒಂದಕ್ಕೊಂದು ಸಿಕ್ಕಿಕೊಂಡು ನೂರಕ್ಕೂ ಮೇಲ್ಪಟ್ಟು ಜನ ನಡುದಾರಿಯಲ್ಲಿ ನಿಂತುಬಿಟ್ಟಾಗ, ಹೆಲಿಕಾಪ್ಟರುಗಳು ಕತ್ತಲಾಗುವವರೆಗೆ ಒಬ್ಬೊಬ್ಬರನ್ನಾಗಿ ಎತ್ತಿದುವು. ಮೂವತ್ತಕ್ಕೂ ಹೆಚ್ಚು ಜನ ಹಿಮನದಿಯ ಮೇಲೆ ತೊಟ್ಟಿಲಲ್ಲಿಯೇ ಇರುಳು ಕಳೆದು ಬೆಳಿಗ್ಗೆ ಪಾರಾದರು.

ಜಗಲಿಯ ಪಶ್ಚಿಮದ ಬದಿಗೆ ಬಂದರೆ ಬೇರೆಯೇ ಒಂದು ಹಿಮನದಿ ಕಣ್ಣಿಗೆ ಬೀಳುತ್ತದೆ. ಮಾಂಟ್ ಬ್ಲಾಂಕಿನ ನೆತ್ತಿಯಿಂದ ಹೊರಟು ಶಾಮೊನಿ ಕಣಿವೆಯತ್ತ ನೆಟ್ಟಗೆ ಧುಮುಕುವ ಇದರ ಹೆಸರು ಬೊಸ್ಸೋಂ. ಮಾರ್ಗದರ್ಶಿಗಳು ಇಲ್ಲಿ ತುಸು ಹೊತ್ತು ಹೆಚ್ಚು ನಿಲ್ಲುತ್ತಾರೆ. ಅವರ ಸಂಘದ ಹುಟ್ಟಿಗೆ ಈ ಹಿಮನದಿಯೇ ಕಾರಣ.

1820ರ ಆಗಸ್ಟಿನಲ್ಲಿ ಡಾಕ್ಟರ್ ಹಾಮೆಲ್ ಎಂಬಾತನು ಒಂದು ತಂಡ ಕಟ್ಟಿಕೊಂಡು ಮಾಂಟ್ ಬ್ಲಾಂಕ್ ಏರಲು ಹೊರಟ. ಹವೆ ಕೆಟ್ಟಿತ್ತು. ತುದಿಗೆ ಸಮೀಪದ ಇಳಿಜಾರಿನಲ್ಲಿ ಹಿಮ ಕುಸಿದು ಮೂವರು ಮಾರ್ಗದರ್ಶಿಗಳನ್ನು ಬಿರುಕಿನೊಳಕ್ಕೆ ಎಳೆದೊಯ್ದಿತು. ಅವರನ್ನು ಎತ್ತುವ ಉಪಾಯವಿರಲಿಲ್ಲ. ಮರುವರ್ಷ, 1821ರಲ್ಲಿ, ಶಾಮೊನಿಯ ಮಾರ್ಗದರ್ಶಿಗಳು ಸೇರಿ ಸಂಘವೊಂದನ್ನು ಸ್ಥಾಪಿಸಿದರು. ಕೆಲಸವನ್ನು ಸರದಿಯ ಮೇಲೆ ಹಂಚಿಕೊಳ್ಳುವುದು, ಬೆಟ್ಟದಲ್ಲಿ ಸತ್ತವನ ಮನೆಯವರಿಗೆ ನಿಧಿಯಿಂದ ನೆರವಾಗುವುದು ಅದರ ಕಟ್ಟಳೆಗಳು. ಜಗತ್ತಿನ ಪರ್ವತ ಮಾರ್ಗದರ್ಶಿಗಳ ಸಂಘಗಳಲ್ಲಿ ಅದೇ ಹಿರಿದು, ಇಂದಿಗೂ ನಡೆಯುತ್ತಿದೆ.

ಹಿಮನದಿಗಳ ನಡೆಯನ್ನು ಅಳೆದು ಅಭ್ಯಾಸ ಮಾಡಿದ ಸ್ಕಾಟ್ಲೆಂಡಿನ ವಿಜ್ಞಾನಿ ಜೇಮ್ಸ್ ಫೋರ್ಬ್ಸ್ ಒಂದು ಮಾತು ಹೇಳಿದ್ದ: ಆ ಮೂವರ ದೇಹಗಳು ಹಿಮದೊಡನೆ ಹರಿದು, ಸುಮಾರು ನಲವತ್ತು ವರ್ಷಗಳಿಗೆ ಬೊಸ್ಸೋಂನ ಕೆಳತುದಿಯಲ್ಲಿ ಹೊರಬೀಳಬೇಕು. 1861ರ ಆಗಸ್ಟಿನಲ್ಲಿ, ನಲವತ್ತೊಂದನೆಯ ವರ್ಷದಲ್ಲಿ, ಹಾಗೆಯೇ ಆಯಿತು. ಮೂಳೆ, ಬಟ್ಟೆ, ಉಪಕರಣಗಳ ಚೂರುಗಳು ಒಂದೊಂದಾಗಿ ಹಿಮದಿಂದ ಹೊರಬಂದುವು. ಅಂದು ಬದುಕಿ ಉಳಿದಿದ್ದ ಮಾರ್ಗದರ್ಶಿಯೊಬ್ಬನು ಈಗ ಮುದುಕನಾಗಿ ಬಂದು ತನ್ನ ಜೊತೆಗಾರರ ಗುರುತು ಹಿಡಿದ. ಅವನ ಕೂದಲು ನೆರೆತಿತ್ತು, ಹಿಮದಲ್ಲಿದ್ದವರಿಗೆ ವಯಸ್ಸಾಗಿರಲಿಲ್ಲ.

ಈ ಬೊಸ್ಸೋಂ ಹಿಮನದಿಗೆ ಭಾರತವೂ ತನ್ನ ಮಕ್ಕಳನ್ನು ಒಪ್ಪಿಸಿದೆ, ಅದೂ ಎರಡು ಸಲ. 1950ರ ನವೆಂಬರ್ 3ರಂದು ಮುಂಬಯಿಯಿಂದ ಲಂಡನ್ನಿಗೆ ಹೊರಟಿದ್ದ ಏರ್ ಇಂಡಿಯಾದ ‘ಮಲಬಾರ್ ಪ್ರಿನ್ಸೆಸ್’ ವಿಮಾನ ಜಿನೀವಾಕ್ಕೆ ಇಳಿಯುವ ಮುನ್ನ ಮಾಂಟ್ ಬ್ಲಾಂಕಿಗೆ ಬಡಿಯಿತು. ಅದರಲ್ಲಿದ್ದ 48 ಜನರಲ್ಲಿ ಹೆಚ್ಚಿನವರು ಹಡಗಿನ ಕೆಲಸಕ್ಕೆ ಹೊರಟಿದ್ದ ಭಾರತೀಯ ನಾವಿಕರು. ಯಾರೂ ಉಳಿಯಲಿಲ್ಲ. ಅವರನ್ನು ಹುಡುಕಲು ಹೊರಟ ಶಾಮೊನಿಯ ಮಾರ್ಗದರ್ಶಿ ರೆನೆ ಪಾಯೊ ಹಿಮದ ಬಿರುಕಿಗೆ ಬಿದ್ದು ಪ್ರಾಣಬಿಟ್ಟ. ತಾನೆಂದೂ ಕಂಡಿರದ, ತನ್ನ ಭಾಷೆಯನ್ನರಿಯದ ಜನರಿಗಾಗಿ ಅವನು ಸತ್ತ.

ಹದಿನೈದು ವರ್ಷಗಳ ಮೇಲೆ, 1966ರ ಜನವರಿ 24ರ ಬೆಳಿಗ್ಗೆ, ಏರ್ ಇಂಡಿಯಾದ್ದೇ ಆದ ‘ಕಾಂಚನಜಂಗಾ’ ಎಂಬ ಬೋಯಿಂಗ್ ವಿಮಾನ ಬೇರೂತ್‌ನಿಂದ ಜಿನೀವಾದತ್ತ ಬರುತ್ತಿತ್ತು. ಅದರ ದಿಕ್ಕು ತೋರಿಸುವ ಉಪಕರಣಗಳಲ್ಲೊಂದು ಕೆಟ್ಟಿತ್ತು. ಬೆಟ್ಟವನ್ನು ದಾಟಿಯಾಯಿತೆಂದು ಎಣಿಸಿ ವಿಮಾನವನ್ನು ಇಳಿಸತೊಡಗಿದರೆಂದು ವಿಚಾರಣೆಯಿಂದ ತಿಳಿಯಿತು. ಬೆಟ್ಟ ಇನ್ನೂ ಮುಂದಿತ್ತು. ಶಿಖರಕ್ಕೆ ಅನತಿದೂರದಲ್ಲಿ ವಿಮಾನ ನುಚ್ಚುನೂರಾಗಿ 117 ಜನರೂ ಸತ್ತರು. ಅವರಲ್ಲಿ ಒಬ್ಬರು, ಅಣುಶಕ್ತಿ ಆಯೋಗದ ಅಧ್ಯಕ್ಷರಾಗಿ ವಿಯೆನ್ನಾದ ಸಭೆಗೆ ಹೊರಟಿದ್ದ ಹೋಮಿ ಭಾಭಾ. ಆಗ ಅವರಿಗೆ 56 ವರ್ಷ. ತಮ್ಮ ಜೀವನದ ಮೊದಲರ್ಧವನ್ನು ಯಾವ ವಿಶ್ವಕಿರಣಗಳ ಅಭ್ಯಾಸಕ್ಕೆ ಮೀಸಲಿಟ್ಟಿದ್ದರೋ, ಆ ಕಿರಣಗಳ ಹೆಸರು ಹೊತ್ತ ಬಂಡೆಯ ನೆರೆಯಲ್ಲಿಯೇ ಅವರ ಬಾಳು ಮುಗಿಯಿತು. ಅದೇ ದಿನ ದಿಲ್ಲಿಯಲ್ಲಿ ಇಂದಿರಾ ಗಾಂಧಿಯವರು ಪ್ರಧಾನಮಂತ್ರಿಯಾಗಿ ಪ್ರಮಾಣವಚನ ಸ್ವೀಕರಿಸಿದರು.

ಹಿಮ ಎಲ್ಲವನ್ನೂ ಮುಚ್ಚಿತು. ಆದರೆ 1820ರ ಮೂವರನ್ನು ಹಿಂದಿರುಗಿಸಿದಂತೆ ಇವರ ವಸ್ತುಗಳನ್ನೂ ಅದು ಒಂದೊಂದಾಗಿ ಹಿಂದಿರುಗಿಸತೊಡಗಿತು. 2012ರಲ್ಲಿ ಭಾರತ ಸರಕಾರದ ವಿದೇಶಾಂಗ ಮಂತ್ರಾಲಯದ ಮುದ್ರೆಯಿದ್ದ ಅಂಚೆಚೀಲವೊಂದು ಸಿಕ್ಕಿತು. ಅದನ್ನು ಭಾರತದ ಪ್ರತಿನಿಧಿಗಳಿಗೆ ಒಪ್ಪಿಸಲಾಯಿತು. 2013ರಲ್ಲಿ ತರುಣ ಆರೋಹಿಯೊಬ್ಬನಿಗೆ ಪಚ್ಚೆ, ನೀಲ, ಕೆಂಪುಗಳ ಪೊಟ್ಟಣಗಳಿದ್ದ ಪೆಟ್ಟಿಗೆ ಸಿಕ್ಕಿತು. ಸುತ್ತ ಯಾರೂ ಇಲ್ಲದ ಆ ಹಿಮದಲ್ಲಿ ಪೆಟ್ಟಿಗೆಯನ್ನು ಚೀಲಕ್ಕೆ ಹಾಕಿಕೊಂಡು ನಡೆದಿದ್ದರೆ ಕೇಳುವವರಿರಲಿಲ್ಲ. ಅವನು ನೇರವಾಗಿ ಪೋಲೀಸರ ಬಳಿಗೆ ಒಯ್ದುಕೊಟ್ಟ. ಎಂಟು ವರ್ಷ ಕಳೆದರೂ ವಾರಸುದಾರರು ದೊರೆಯದಿದ್ದುದರಿಂದ 2021ರಲ್ಲಿ ಅರ್ಧವನ್ನು ಅವನಿಗೂ ಅರ್ಧವನ್ನು ಶಾಮೊನಿಯ ಪುರಸಭೆಗೂ ಹಂಚಲಾಯಿತು. 2017ರಲ್ಲಿ ಮನುಷ್ಯದೇಹದ ಅವಶೇಷಗಳು ಕಂಡುಬಂದುವು. 2020ರಲ್ಲಿ ಹಿಮನದಿಯ ಬಳಿ ಕಾಫಿಯ ಅಂಗಡಿಯಿಟ್ಟಿರುವವರೊಬ್ಬರಿಗೆ ಸುಮಾರು ಒಂದು ಡಜನ್ ಭಾರತೀಯ ಪತ್ರಿಕೆಗಳು ದೊರೆತುವು. ನೆನೆದಿದ್ದ ಅವುಗಳನ್ನು ಬಿಡಿಸಿ ಒಣಗಿಸಿದಾಗ ಅಕ್ಷರಗಳು ಇನ್ನೂ ಓದುವಂತಿದ್ದುವು. ಭಾರತಕ್ಕೆ ಮೊದಲ ಮಹಿಳಾ ಪ್ರಧಾನಿ ಬಂದ ಸುದ್ದಿ ಅವುಗಳ ತಲೆಬರಹದಲ್ಲಿತ್ತು. ವಿಮಾನದಲ್ಲಿ ಯಾರೋ ಓದಿ ಮಡಿಸಿಟ್ಟಿದ್ದಿರಬಹುದಾದ ಪತ್ರಿಕೆಯನ್ನು ಬೆಟ್ಟ ಐವತ್ತನಾಲ್ಕು ವರ್ಷ ಕಾಪಾಡಿಕೊಂಡಿತ್ತು.

ನಂಬಿ ಇಟ್ಟ ಗಂಟನ್ನು ಬಡ್ಡಿಯಿಲ್ಲದಿದ್ದರೂ ಹಾಗೆಯೇ ಹಿಂದಿರುಗಿಸುವ ಸಾಹುಕಾರನಂತೆ ಈ ಹಿಮನದಿ ಎನಿಸಬಹುದು. ಆದರೆ ಈಗ ಆ ಸಾಹುಕಾರನ ಮನೆಯೇ ಕರಗುತ್ತಿದೆ. ಈ ಕಣಿವೆಯ ಜನ ಒಂದು ಕಾಲದಲ್ಲಿ ಹಿಮನದಿಗೆ ಹೆದರುತ್ತಿದ್ದರು. ಹದಿನೇಳನೆಯ ಶತಮಾನದಲ್ಲಿ ಹಿಮ ಮುಂದೊತ್ತಿ ಹೊಲಮನೆಗಳ ಅಂಚಿಗೆ ಬಂದಾಗ, 1644ರಲ್ಲಿ, ಜಿನೀವಾ ಪೀಠದ ಧರ್ಮಗುರು ನೂರಾರು ಜನರ ಮೆರವಣಿಗೆಯೊಡನೆ ಬಂದು, ಹಿಮನದಿಗಳು ಹಿಂದಕ್ಕೆ ಸರಿಯಲೆಂದು ಪ್ರಾರ್ಥನೆ ಮಾಡಿದ್ದ. ಇಂದು ಅವು ಯಾರ ಪ್ರಾರ್ಥನೆಯೂ ಇಲ್ಲದೆ ಹಿಂದಕ್ಕೆ ಸರಿಯುತ್ತಿವೆ. ಕಲ್ಲಿದ್ದಲನ್ನೂ ಎಣ್ಣೆಯನ್ನೂ ಸುಟ್ಟು ಮನುಷ್ಯನು ಕಾಯಿಸಿದ ಗಾಳಿ ಅವುಗಳನ್ನು ಕರಗಿಸುತ್ತಿದೆ. 1850ರಿಂದ ಈಚೆಗೆ ಮೇರ್ ದ ಗ್ಲಾಸ್ 2 ಕಿಲೋಮೀಟರಿಗಿಂತಲೂ ಹೆಚ್ಚು ಹಿಂದೆ ಸರಿದಿದೆ. ಅದನ್ನು ನೋಡಲು 1909ರಲ್ಲಿ ಮೋಂತಾಂವೇರಿಗೆ ರೈಲು ಬಂದಾಗ ನಿಲ್ದಾಣದ ಕೆಳಗೇ ಹಿಮ ಹರಡಿತ್ತು. 1988ರಲ್ಲಿ ಹಿಮದವರೆಗೆ ಇಳಿಯಲು ಕೇಬಲ್ ಕಾರು ಬೇಕಾಯಿತು. ಹಿಮ ಇನ್ನೂ ಇಳಿಯಿತು. ಕೇಬಲ್ ಕಾರಿನಿಂದ ಮುಂದಕ್ಕೆ ಮೆಟ್ಟಿಲು ಕಟ್ಟಿದರು. ಮೆಟ್ಟಿಲುಗಳ ಸಂಖ್ಯೆ ಐನೂರನ್ನು ಮೀರಿತು. ಕೊನೆಗೆ 2024ರಲ್ಲಿ ಇನ್ನೂ ಮೇಲಕ್ಕೆ ಹೊಸ ಕೇಬಲ್ ಕಾರನ್ನೇ ಕಟ್ಟಬೇಕಾಯಿತು. ಇಳಿಯುವ ದಾರಿಯಲ್ಲಿ ಯಾವ ವರ್ಷ ಹಿಮ ಎಲ್ಲಿಯವರೆಗಿತ್ತೆಂದು ಫಲಕಗಳನ್ನು ನೆಟ್ಟಿದ್ದಾರೆ. ತಾವು ಹುಟ್ಟಿದ ವರ್ಷದ ಮಟ್ಟವನ್ನು ತಲೆಯ ಮೇಲೆ ಎಷ್ಟೋ ಎತ್ತರದಲ್ಲಿ ಕಂಡು ಮಕ್ಕಳು ಬೆರಗಾಗುತ್ತಾರೆ.

ಎಗ್ವೀ ದ್ಯು ಮಿದಿಯ ಬಂಡೆಗೂ ಈ ಚಿಂತೆ ತಪ್ಪಿದ್ದಲ್ಲ. ಎತ್ತರದ ಬಂಡೆಗಳ ಬಿರುಕುಗಳನ್ನು ಒಳಗಿನ ಹಿಮವೇ ಗಾರೆಯಂತೆ ಹಿಡಿದಿಟ್ಟಿರುತ್ತದೆ. ಗಾರೆ ಕರಗಿದರೆ ಬಂಡೆ ಕಳಚುತ್ತದೆ. ಶಾಮೊನಿಯ ಎದುರಿನ ದ್ರ್ಯು ಎಂಬ ಕೋಡುಗಲ್ಲಿನ ಹೆಸರಾಂತ ಕಂಬವೊಂದು 2005ರಲ್ಲಿ ಕುಸಿದುಹೋಯಿತು. ಆದುದರಿಂದ ವಿಜ್ಞಾನಿಗಳು ಎಗ್ವೀ ದ್ಯು ಮಿದಿಯ ಬಂಡೆಯಲ್ಲಿ ಆಳವಾದ ರಂಧ್ರಗಳನ್ನು ಕೊರೆದು, ಒಳಗೆ ತಾಪಮಾಪಕಗಳನ್ನಿಟ್ಟು, ಜ್ವರಪೀಡಿತನ ಮೈ ನೋಡುವಂತೆ ನೋಡುತ್ತಿದ್ದಾರೆ. ಮೇಲೆ ನಗುತ್ತ ಛಾಯಾಚಿತ್ರ ತೆಗೆಸಿಕೊಳ್ಳುವವರ ಕಾಲಡಿಯಲ್ಲಿಯೇ ಈ ಶುಶ್ರೂಷೆ ನಡೆದಿರುತ್ತದೆ.

ಮಧ್ಯಾಹ್ನದ ಮೋಡಗಳು ಏಳುವ ಹೊತ್ತಿಗೆ ತಂಡಗಳು ಇಳಿಯತೊಡಗುತ್ತವೆ. ಬಂಡಿ ಇಳಿದಂತೆ ಮೊದಲು ಕಲ್ಲು, ಆಮೇಲೆ ಹುಲ್ಲು, ಅದಾದ ಮೇಲೆ ಮರ, ಕೊನೆಗೆ ಮನೆಗಳ ಮಾಡು ಕಾಣುತ್ತವೆ. ಉಸಿರು ಹಗುರವಾಗುತ್ತದೆ, ಉಣ್ಣೆಯ ಬಟ್ಟೆ ಮತ್ತೆ ಭಾರವಾಗುತ್ತದೆ. ಬಸ್ಸು ಹೊರಡಲು ಹೊತ್ತಿದ್ದರೆ ಮಾರ್ಗದರ್ಶಿ ತನ್ನವರನ್ನು ಊರ ನಡುವಣ ಸೇತುವೆಯ ಬಳಿಗೆ ಕರೆದೊಯ್ಯುತ್ತಾನೆ. ಕೆಳಗೆ ಆರ್ವ್ ನದಿ ಬೂದಿಬಣ್ಣದ ನೀರಾಗಿ ಭೋರ್ಗರೆಯುತ್ತಿರುತ್ತದೆ. ಹಿಮನದಿ ಬಂಡೆಯನ್ನು ಅರೆದ ಹಿಟ್ಟು ಬೆರೆತುದರಿಂದ ಆ ಬಣ್ಣ. ಮುಟ್ಟಿದರೆ ಬೆರಳು ಜೋಮು ಹಿಡಿಯುವಷ್ಟು ತಣ್ಣಗಿರುತ್ತದೆ. ಮೇರ್ ದ ಗ್ಲಾಸ್ ಕರಗಿದ ನೀರೂ ಬೊಸ್ಸೋಂ ಕರಗಿದ ನೀರೂ ಈ ನದಿಯನ್ನೇ ಸೇರುತ್ತವೆ.

ಈ ನದಿ ಕಣಿವೆಯುದ್ದಕ್ಕೂ ಹರಿದು, ಬೆಟ್ಟಗಳನ್ನು ದಾಟಿ, ಜಿನೀವಾ ನಗರದಲ್ಲಿ ರೋನ್ ನದಿಯನ್ನು ಕೂಡುತ್ತದೆ. 1950ರಲ್ಲಿ ಆ ನಾವಿಕರು ಇಳಿಯಬೇಕಾಗಿದ್ದುದು ಆ ಊರಿನಲ್ಲಿ. 1966ರಲ್ಲಿ ಭಾಭಾರವರ ವಿಮಾನ ಇಳಿಯಬೇಕಾಗಿದ್ದುದೂ ಅಲ್ಲಿಯೇ. ಅವರು ತಲಪಲಾರದೆ ಹೋದ ಊರಿಗೆ, ಅವರನ್ನು ಇಷ್ಟು ವರ್ಷ ಮಡಿಲಲ್ಲಿ ಇಟ್ಟುಕೊಂಡಿದ್ದ ಹಿಮ ಕರಗಿ, ದಿನವೂ ಹೋಗಿ ಸೇರುತ್ತಿದೆ.